ಒಂದೇ ಲೆಕ್ಕ, ಮೂರು ಭಾಷೆಗಳು: ಶೇರ್ಡ್ ಲೈಬ್ರರಿಯನ್ನು ಯಾವ ದಾರಿಯಿಂದ ಕರೆಯಬೇಕು?

ಕಲಬುರಗಿಯ ದಾಲ್ ಮಿಲ್ಲುಗಳಿಗೆ ಸಾಫ್ಟ್‌ವೇರ್ ಬರೆದುಕೊಡುವ ಸಣ್ಣ ತಂಡಗಳ ಮುಂದೆ ಪದೇ ಪದೇ ಬರುವ ಪರಿಸ್ಥಿತಿಯೊಂದಿದೆ. ತೊಗರಿ ತುಂಬಿದ ಲಾರಿ ವೇಬ್ರಿಡ್ಜ್ ಏರಿದಾಗ ಸಿಗುವ ಒಟ್ಟು ತೂಕದಲ್ಲಿ ಖಾಲಿ ಲಾರಿಯ ತೂಕವನ್ನೂ ಚೀಲದ ತೂಕವನ್ನೂ ಕಳೆದು, ತೇವಾಂಶ ಹೆಚ್ಚಿದ್ದರೆ ಅದಕ್ಕೆ ತಕ್ಕ ಕಡಿತ ಹಾಕಿ, ನಿವ್ವಳ ತೂಕ ಹೇಳುವ ಕೋಡ್ ಸಿ ಭಾಷೆಯಲ್ಲಿ ಹಿಂದಿನಿಂದ ಇರುತ್ತದೆ. ಆಫೀಸಿನ ಬಿಲ್ಲಿಂಗ್ ವಿಂಡೋಸ್ ಮೇಲೆ ಸಿ ಶಾರ್ಪ್‌ನಲ್ಲಿ ನಡೆಯುತ್ತದೆ, ತಿಂಗಳ ವರದಿಗಳನ್ನು ಲಿನಕ್ಸ್ ಸರ್ವರಿನಲ್ಲಿ ಪೈಥಾನ್ ತಯಾರಿಸುತ್ತದೆ, ಗಂಜಿನಲ್ಲಿ, ಅಂದರೆ ಧಾನ್ಯದ ಮಾರುಕಟ್ಟೆಯಲ್ಲಿ, ಖರೀದಿಗೆ ನಿಂತವರಿಗೆ ಆಂಡ್ರಾಯ್ಡ್ ಆ್ಯಪ್ ಬೇಕಾಗುತ್ತದೆ. ಅದೇ ಲೆಕ್ಕವನ್ನು ಮೂರು ಭಾಷೆಗಳಲ್ಲಿ ಮೂರು ಸಲ ಬರೆದರೆ ಮೊದಲ ದಿನ ಮೂರೂ ಒಂದೇ ಉತ್ತರ ಕೊಡುತ್ತವೆ; ಕಡಿತದ ನಿಯಮ ಬದಲಾಗಿ, ಇಬ್ಬರು ತಿದ್ದಿ ಒಬ್ಬರು ಮರೆತ ಮೇಲೆ ಕೊಡುವುದಿಲ್ಲ. ರೈತನ ಕೈಯ ಚೀಟಿಯಲ್ಲಿ ಒಂದು ತೂಕ, ಮಿಲ್ಲಿನ ಲೆಡ್ಜರಿನಲ್ಲಿ ಇನ್ನೊಂದು ತೂಕ ಕಂಡರೆ ಆಮೇಲೆ ಯಾವ ಸಮಜಾಯಿಷಿಯೂ ನಡೆಯುವುದಿಲ್ಲ.

ಆದ್ದರಿಂದ ಲೆಕ್ಕ ಒಂದೇ ಕಡೆ ಇದ್ದು ಎಲ್ಲ ಪ್ರೋಗ್ರಾಂಗಳೂ ಅದನ್ನೇ ಕರೆಯಬೇಕು. ಹಲವು ಪ್ರೋಗ್ರಾಂಗಳು ಹಂಚಿಕೊಂಡು ಬಳಸುವ ಕೋಡಿನ ಫೈಲುಗಳಾದ ಶೇರ್ಡ್ ಲೈಬ್ರರಿಗಳು ಇರುವುದೇ ಇದಕ್ಕಾಗಿ: ವಿಂಡೋಸ್‌ನಲ್ಲಿ ಡಿಎಲ್‌ಎಲ್, ಲಿನಕ್ಸ್ ಮತ್ತು ಆಂಡ್ರಾಯ್ಡ್‌ಗಳಲ್ಲಿ ಎಸ್‌ಒ, ಮ್ಯಾಕ್‌ನಲ್ಲಿ ಡೈಲಿಬ್. ಆದರೆ ಆ ಫೈಲನ್ನು ಬೇರೆ ಭಾಷೆಯಿಂದ ಕರೆಯುವ ದಾರಿಗಳು ಹಲವಾರಿವೆ, ಒಂದೊಂದಕ್ಕೂ ಅದರದೇ ಖರ್ಚಿದೆ. ನನ್ನ ಅಭಿಪ್ರಾಯವನ್ನು ಮೊದಲೇ ಹೇಳಿಬಿಡುತ್ತೇನೆ: ಲೈಬ್ರರಿಯ ಹೊರಮುಖವನ್ನು ಸಾದಾ ಸಿ ಫಂಕ್ಷನ್‌ಗಳಲ್ಲಿ ಇಟ್ಟು, ಆಯಾ ಭಾಷೆಯ ಜೊತೆಯಲ್ಲೇ ಬರುವ ಸಾಧನದಿಂದ ಅದನ್ನು ಕರೆಯುವುದು ನಮ್ಮ ಭಾಗದ ಸಣ್ಣ ತಂಡಕ್ಕೆ ಮೊದಲ ಆಯ್ಕೆಯಾಗಬೇಕು. ಸ್ಪಷ್ಟ ಕಾರಣ ಸಿಕ್ಕಾಗ ಮಾತ್ರ ಅದನ್ನು ಬಿಟ್ಟು ಬೇರೆ ದಾರಿ ಹಿಡಿಯಬೇಕು.

ಸಾಧನಕ್ಕಿಂತ ಮೊದಲು ಲೈಬ್ರರಿಯ ಹೊರಮುಖ

ಎರಡು ಭಾಷೆಗಳ ಕೋಡ್ ಒಂದೇ ಪ್ರೊಸೆಸ್‌ನೊಳಗೆ, ಅಂದರೆ ಓಡುತ್ತಿರುವ ಒಂದೇ ಪ್ರೋಗ್ರಾಂನೊಳಗೆ, ಕೂಡಿ ನಡೆಯಬೇಕಾದರೆ, ಫಂಕ್ಷನ್ನಿಗೆ ಕೊಡುವ ಆರ್ಗ್ಯುಮೆಂಟುಗಳು ಪ್ರೊಸೆಸರಿನ ಯಾವ ರಿಜಿಸ್ಟರಿನಲ್ಲಿ ಬರುತ್ತವೆ, ಉತ್ತರ ಎಲ್ಲಿ ಸಿಗುತ್ತದೆ, ಹಲವು ಮೌಲ್ಯಗಳನ್ನು ಒಟ್ಟಿಗೆ ಇಡುವ ಸ್ಟ್ರಕ್ಚರಿನ ಪ್ರತಿಯೊಂದು ಅಂಶ ಎಷ್ಟನೇ ಬೈಟಿನಿಂದ ಶುರುವಾಗುತ್ತದೆ ಎಂಬುದರಲ್ಲಿ ಎರಡೂ ಕಡೆಗೆ ಒಪ್ಪಂದವಿರಬೇಕು. ಈ ಒಪ್ಪಂದವನ್ನು ಎಬಿಐ ಎನ್ನುತ್ತಾರೆ. ಇಂಟೆಲ್ ಮತ್ತು ಎಎಂಡಿ ಯಂತ್ರಗಳ 64 ಬಿಟ್ ಲಿನಕ್ಸ್‌ನಲ್ಲಿ ಮೊದಲ 6 ಪೂರ್ಣಾಂಕಗಳು ರಿಜಿಸ್ಟರುಗಳಲ್ಲಿ ಹೋಗುತ್ತವೆ, 64 ಬಿಟ್ ವಿಂಡೋಸ್‌ನಲ್ಲಿ 4 ಮಾತ್ರ. ಇಂತಹ ವ್ಯತ್ಯಾಸಗಳನ್ನು ಸಿ ಕಂಪೈಲರುಗಳು ಆಯಾ ವ್ಯವಸ್ಥೆಗೆ ತಕ್ಕಂತೆ ನೋಡಿಕೊಳ್ಳುತ್ತವೆ, ಮತ್ತು ಪೈಥಾನ್, ಜಾವಾ, ಸಿ ಶಾರ್ಪ್, ಡಾರ್ಟ್, ರಸ್ಟ್, ಗೋ ಎಲ್ಲಕ್ಕೂ ಸಿ ಫಂಕ್ಷನ್ ಕರೆಯಲು ಬರುತ್ತದೆ. ಸಿ ಪ್ಲಸ್ ಪ್ಲಸ್ ಫಂಕ್ಷನ್‌ಗಳನ್ನು ಹೀಗೆ ಬೇರೆ ಭಾಷೆಗಳಿಂದ ನೇರವಾಗಿ ಕರೆಯುವ ಸೌಲಭ್ಯವಿಲ್ಲ. ಅಲ್ಲಿ ಫಂಕ್ಷನ್ನಿನ ಹೆಸರಿಗೆ ಆರ್ಗ್ಯುಮೆಂಟುಗಳ ಟೈಪುಗಳೂ ಸೇರಿ ಕಂಪೈಲರಿಗೊಂದು ಬಗೆಯ ಗಂಟುಹೆಸರು ಹುಟ್ಟುತ್ತದೆ, ತಪ್ಪಾದಾಗ ಕೋಡ್ ಎಸೆಯುವ ಎಕ್ಸೆಪ್ಷನ್ ಗಡಿ ದಾಟಿ ಪೈಥಾನಿನೊಳಕ್ಕೆ ಹೋದರೆ ಏನಾಗುತ್ತದೆ ಎಂಬುದಕ್ಕೆ ಖಾತ್ರಿಯಿಲ್ಲ. ಒಳಗಿನ ಕೋಡ್ ಸಿ ಪ್ಲಸ್ ಪ್ಲಸ್‌ನಲ್ಲೋ ರಸ್ಟ್‌ನಲ್ಲೋ ಇರಲಿ, ಹೊರಗೆ ಕಾಣುವ ಐದಾರು ಫಂಕ್ಷನ್‌ಗಳನ್ನು ‘ಎಕ್ಸ್‌ಟರ್ನ್ ಸಿ’ ಎಂದು ಘೋಷಿಸಿ, ತಪ್ಪುಗಳನ್ನು ಪೂರ್ಣಾಂಕದ ಸಂಕೇತವಾಗಿ ಹಿಂದಿರುಗಿಸಬೇಕು. ಗೋ ಭಾಷೆಯಲ್ಲಿಯೂ 1.5ನೇ ಆವೃತ್ತಿಯಿಂದ, ಅಂದರೆ 2015ರಿಂದ, ಶೇರ್ಡ್ ಲೈಬ್ರರಿ ಕಟ್ಟಬಹುದು. ಆದರೆ ಬಳಕೆ ಮುಗಿದ ಮೆಮೊರಿಯನ್ನು ತಾನೇ ತೆಗೆಯುವ ಗಾರ್ಬೇಜ್ ಕಲೆಕ್ಟರ್ ಸಮೇತ ಅದರ ಇಡೀ ರನ್‌ಟೈಮ್, ಅಂದರೆ ಕೋಡ್ ಓಡಲು ಬೇಕಾದ ಆಧಾರ ಭಾಗ, ಜೊತೆಗೆ ಬರುತ್ತದೆ. ಇಷ್ಟು ಚಿಕ್ಕ ಲೆಕ್ಕಕ್ಕೆ ಅದು ಹೆಚ್ಚಿನ ಹೊರೆ.

ಸಂಖ್ಯೆಗಳ ಗಾತ್ರವನ್ನು ಹೆಸರು ಹಿಡಿದು ನಿಗದಿ ಮಾಡಬೇಕು. ಸಿ ಭಾಷೆಯ ‘ಲಾಂಗ್’ 64 ಬಿಟ್ ಲಿನಕ್ಸ್‌ನಲ್ಲಿ 8 ಬೈಟ್, 64 ಬಿಟ್ ವಿಂಡೋಸ್‌ನಲ್ಲಿ 4 ಬೈಟ್. ಆದ ಕಾರಣ 32 ಬಿಟ್, 64 ಬಿಟ್ ಎಂದು ಖಚಿತವಾಗಿ ಹೇಳುವ ಟೈಪುಗಳನ್ನೇ ಬಳಸಬೇಕು. ತೂಕವನ್ನು ದಶಮಾಂಶ ಸಂಖ್ಯೆಯಾಗಿ ಕಳಿಸುವ ಬದಲು ಗ್ರಾಂ ಲೆಕ್ಕದ 64 ಬಿಟ್ ಪೂರ್ಣಾಂಕವಾಗಿಯೂ, ಹಣವನ್ನು ಪೈಸೆಯ ಲೆಕ್ಕದಲ್ಲಿಯೂ ಕಳಿಸಿದರೆ, ಒಂದೊಂದು ಭಾಷೆ ತನ್ನದೇ ರೀತಿಯಲ್ಲಿ ರೌಂಡ್ ಮಾಡುವ ತಕರಾರು ಗಡಿಯಲ್ಲಿಯೇ ನಿಲ್ಲುತ್ತದೆ. ಸ್ಟ್ರಕ್ಚರುಗಳನ್ನು ಆದಷ್ಟು ಗಡಿ ದಾಟಿಸದಿರುವುದು ಲೇಸು. 1 ಬೈಟಿನ ಕ್ಯಾರೆಕ್ಟರ್, 8 ಬೈಟಿನ ಡಬಲ್, 4 ಬೈಟಿನ ಪೂರ್ಣಾಂಕ ಇರುವ ಸ್ಟ್ರಕ್ಚರ್ ಕೂಡಿಸಿ ನೋಡಿದರೆ 13 ಬೈಟ್ ಆಗಬೇಕು, ಆದರೆ 64 ಬಿಟ್ ಯಂತ್ರದಲ್ಲಿ ಅದು 24 ಬೈಟ್ ತೆಗೆದುಕೊಳ್ಳುತ್ತದೆ, ಏಕೆಂದರೆ ಡಬಲ್ ತನ್ನ 8 ಬೈಟಿನ ಗಡಿಯಿಂದಲೇ ಆರಂಭವಾಗಬೇಕು. ಇನ್ನೊಂದು ಕಡೆಯವರು 13 ಎಂದು ನಂಬಿದ್ದರೆ ಓದುವುದೆಲ್ಲ ತಪ್ಪು ಜಾಗದಿಂದಲೇ.

ಮೆಮೊರಿ ಯಾರದು ಎಂಬುದನ್ನೂ ಮೊದಲೇ ಬರೆದಿಡಬೇಕು. ವಿಂಡೋಸ್‌ನಲ್ಲಿ ಡಿಎಲ್‌ಎಲ್ ಒಂದು ಸಿ ರನ್‌ಟೈಮನ್ನೂ ಕರೆಯುವ ಪ್ರೋಗ್ರಾಂ ಮತ್ತೊಂದನ್ನೂ ಬಳಸುತ್ತಿರುವ ಸಾಧ್ಯತೆ ಇರುವುದರಿಂದ, ಒಬ್ಬರು ತೆಗೆದುಕೊಂಡ ಮೆಮೊರಿಯನ್ನು ಇನ್ನೊಬ್ಬರು ಬಿಡುಗಡೆ ಮಾಡಿದರೆ ಹೀಪ್, ಅಂದರೆ ಮೆಮೊರಿ ಹಂಚುವ ಜಾಗ, ಕೆಡುತ್ತದೆ. ಕರೆಯುವವರೇ ಉತ್ತರ ಬರೆಯುವ ಜಾಗವಾಗಿ ಬಫರ್ ಕೊಟ್ಟು, ಅದರ ಉದ್ದವನ್ನೂ ಜೊತೆಗೆ ತಿಳಿಸುವುದು ಎಲ್ಲ ಭಾಷೆಗಳಿಗೂ ಹೊಂದುವ ಪದ್ಧತಿ.

ಕನ್ನಡ ಅಕ್ಷರ ಗಡಿ ದಾಟುವಾಗ

ಯಾವ ಸಾಧನ ಆರಿಸಿದರೂ ನಮ್ಮ ಕಡೆಯ ಸಾಫ್ಟ್‌ವೇರ್ ಹೆಚ್ಚಾಗಿ ಎಡವುವುದು ಇಲ್ಲಿ, ಹಾಗಾಗಿ ಇದಕ್ಕೆ ಸ್ವಲ್ಪ ಹೆಚ್ಚು ಜಾಗ ಕೊಡುತ್ತೇನೆ. ಯುನಿಕೋಡ್‌ನ ಕನ್ನಡ ಸಂಕೇತಗಳಲ್ಲಿ ಒಂದೊಂದೂ, ಪಠ್ಯವನ್ನು ಬೈಟುಗಳಾಗಿ ಬರೆಯುವ ಪದ್ಧತಿಯಾದ ಯುಟಿಎಫ್-8ರಲ್ಲಿ 3 ಬೈಟ್ ತೆಗೆದುಕೊಳ್ಳುತ್ತದೆ. ‘ಕಲಬುರಗಿ’ ಎಂಬ ಹೆಸರಿನಲ್ಲಿ ಐದು ಅಕ್ಷರ ಮತ್ತು ಎರಡು ಸ್ವರಚಿಹ್ನೆ ಸೇರಿ 7 ಸಂಕೇತಗಳಿವೆ, ಅಂದರೆ 21 ಬೈಟ್. ಸಿ ಭಾಷೆಯ ಕೊನೆಯ ಸೊನ್ನೆಯೂ ಸೇರಿ 22. ಊರಿನ ಹೆಸರಿಗೆ 20 ಬೈಟ್ ಸಾಕೆಂದು ಇಟ್ಟಿರುವ ಹಳೆಯ ಸಿ ಕೋಡಿನಲ್ಲಿ 19 ಬೈಟ್ ಮಾತ್ರ ಉಳಿದು, ಚೀಟಿಯ ಮೇಲೆ ‘ಕಲಬುರಗ’ ಎಂದು ಮುದ್ರಣವಾಗಿ ಪಕ್ಕದಲ್ಲೊಂದು ಅರ್ಥವಿಲ್ಲದ ಚಿಹ್ನೆ ಬೀಳುತ್ತದೆ. ‘ಬಸವಕಲ್ಯಾಣ’ಕ್ಕೆ 27 ಬೈಟ್ ಬೇಕು. ಇಂಗ್ಲಿಷ್ ಹೆಸರುಗಳಿಂದಲೇ ಪರೀಕ್ಷೆ ಮಾಡಿದವರಿಗೆ ಈ ದೋಷ ಕಣ್ಣಿಗೆ ಬೀಳುವುದೇ ಇಲ್ಲ, ಏಕೆಂದರೆ ಅಲ್ಲಿ ಕಲಬುರಗಿ 10 ಬೈಟಿನಲ್ಲಿ ಮುಗಿಯುತ್ತದೆ.

‘ಬೀದರ್’ನಲ್ಲಿ ಇನ್ನೊಂದು ತೊಡಕಿದೆ. ‘ಬೀ’ ಅಕ್ಷರದ ದೀರ್ಘವನ್ನು ಒಂದೇ ಸಂಕೇತವಾಗಿಯೂ ಬರೆಯಬಹುದು, ಗುಡಿಸು ಮತ್ತು ದೀರ್ಘಚಿಹ್ನೆ ಎಂದು ಎರಡಾಗಿ ಬಿಡಿಸಿಯೂ ಬರೆಯಬಹುದು; ಮೊದಲನೆಯದರಲ್ಲಿ ಊರಿನ ಹೆಸರು 15 ಬೈಟ್, ಎರಡನೆಯದರಲ್ಲಿ 18 ಬೈಟ್. ಪರದೆಯ ಮೇಲೆ ಎರಡೂ ಒಂದೇ ರೀತಿ ಕಾಣುತ್ತವೆ, ಬೈಟುಗಳನ್ನು ಹೋಲಿಸುವ ಸಿ ಕೋಡಿಗೆ ಮಾತ್ರ ಅವು ಬೇರೆ ಬೇರೆ ಊರುಗಳು. ಪಠ್ಯ ಲೈಬ್ರರಿಯೊಳಗೆ ಹೋಗುವ ಮೊದಲೇ ಕರೆಯುವ ಭಾಷೆಯ ಕಡೆ ಎನ್‌ಎಫ್‌ಸಿ ರೂಪಕ್ಕೆ, ಅಂದರೆ ಬಿಡಿಸಿದ ಚಿಹ್ನೆಗಳು ಒಂದೇ ಸಂಕೇತವಾಗಿ ಕೂಡಿದ ರೂಪಕ್ಕೆ, ತರುವುದು ಇದಕ್ಕೆ ಪರಿಹಾರ. ಹಳೆಯ ನುಡಿ ಫಾಂಟಿನಲ್ಲಿ ಟೈಪ್ ಮಾಡಿದ ದಾಖಲೆಗಳಿದ್ದರೆ ಅವನ್ನೂ ಹೊರಗೇ ಯುನಿಕೋಡ್‌ಗೆ ಬದಲಿಸಿ ತರಬೇಕು. ಲೆಕ್ಕದ ಲೈಬ್ರರಿಯೊಳಗೆ ಫಾಂಟ್ ಪರಿವರ್ತನೆಯನ್ನು ತುಂಬಬಾರದು.

ಪೈಥಾನ್ ಕಡೆಯಿಂದ

ಪೈಥಾನಿನಲ್ಲಿ ನಾಲ್ಕು ಮುಖ್ಯ ದಾರಿಗಳಿವೆ. ಸಿಟೈಪ್ಸ್ 2006ರ ಪೈಥಾನ್ 2.5ರಿಂದಲೂ ಭಾಷೆಯ ಜೊತೆಯಲ್ಲೇ ಬರುತ್ತಿದೆ. ಹೊಸದಾಗಿ ಏನನ್ನೂ ಇನ್‌ಸ್ಟಾಲ್ ಮಾಡಬೇಕಿಲ್ಲ, ಸರ್ವರಿನಲ್ಲಿ ಕಂಪೈಲರೂ ಬೇಕಿಲ್ಲ. ಅದರ ದೊಡ್ಡ ಅಪಾಯವೆಂದರೆ ಫಂಕ್ಷನ್‌ಗಳ ಘೋಷಣೆಗಳಿರುವ ಸಿ ಹೆಡರ್ ಫೈಲನ್ನು ಅದು ಓದುವುದಿಲ್ಲ, ಫಂಕ್ಷನ್ನಿನ ಟೈಪುಗಳನ್ನು ನಾವೇ ಹೇಳಬೇಕು. ಉತ್ತರದ ಟೈಪ್ ಹೇಳದಿದ್ದರೆ ಅದು 32 ಬಿಟ್ ಪೂರ್ಣಾಂಕವೆಂದು ಭಾವಿಸುತ್ತದೆ. ತೂಕ ಗ್ರಾಂನಲ್ಲಿ ಬರುತ್ತಿದ್ದರೆ ಒಂದು ಲಾರಿಯ 25 ಟನ್ ಎಂಬುದು 2,50,00,000 ಗ್ರಾಂ ಆಗಿ ಸರಿಯಾಗಿಯೇ ಕಾಣುತ್ತದೆ. 32 ಬಿಟ್ ಪೂರ್ಣಾಂಕದ ಮಿತಿ 2,14,74,83,647, ಅಂದರೆ 21,474 ಕ್ವಿಂಟಲ್ ಚಿಲ್ಲರೆ. ಹಂಗಾಮಿನ ಒಟ್ಟು ಖರೀದಿ 30,000 ಕ್ವಿಂಟಲ್ ಮುಟ್ಟಿದ ದಿನ ಅದೇ ಪ್ರೋಗ್ರಾಂ ಮೈನಸ್ 12,949 ಕ್ವಿಂಟಲ್ ಎಂದು ತೋರಿಸುತ್ತದೆ. ಬಿಡಿ ಲಾರಿಗಳ ಚೀಟಿಗಳೆಲ್ಲ ಸರಿಯಿದ್ದು ಒಟ್ಟು ಮೊತ್ತ ಮಾತ್ರ ಕೆಡುವುದರಿಂದ ದೋಷ ಎಲ್ಲಿದೆಯೆಂದು ಹುಡುಕುವುದು ಕಷ್ಟವಾಗುತ್ತದೆ. ಪ್ರತಿ ಫಂಕ್ಷನ್ನಿಗೂ ಆರ್ಗ್ಯುಮೆಂಟುಗಳ ಟೈಪ್, ಉತ್ತರದ ಟೈಪ್ ಎರಡನ್ನೂ ಒಂದೇ ಪೈಥಾನ್ ಫೈಲಿನಲ್ಲಿ ಬರೆದು, ಉಳಿದ ಕೋಡೆಲ್ಲ ಆ ಫೈಲಿನ ಮೂಲಕವೇ ಹೋಗುವಂತೆ ಮಾಡಿದರೆ ಈ ಅಪಾಯ ಬಹುಮಟ್ಟಿಗೆ ನೀಗುತ್ತದೆ.

ಎರಡನೆಯ ದಾರಿಯಾದ ಸಿಎಫ್‌ಎಫ್‌ಐ ಎಂಬ ಪ್ಯಾಕೇಜಿಗೆ ಸಿ ಘೋಷಣೆಗಳನ್ನು ಸಿ ಭಾಷೆಯಲ್ಲಿಯೇ ಕೊಡಬಹುದು, ಆದ್ದರಿಂದ ಟೈಪುಗಳನ್ನು ಕೈಯಿಂದ ಅನುವಾದಿಸುವ ಕೆಲಸ ಕಡಿಮೆ. ಅದರಲ್ಲಿ ಎರಡು ರೀತಿಗಳಿವೆ: ಎಬಿಐ ರೀತಿ ಸಿಟೈಪ್ಸ್‌ನಂತೆ ನೇರವಾಗಿ ಫೈಲನ್ನು ತೆರೆಯುತ್ತದೆ, ಎಪಿಐ ರೀತಿಯಲ್ಲಿ ಸಿ ಕಂಪೈಲರ್ ನಡುವೆ ಬರುವುದರಿಂದ ಸ್ಟ್ರಕ್ಚರಿನ ಅಳತೆ, ಫಂಕ್ಷನ್ನಿನ ಟೈಪ್ ತಾಳೆಯಾಗದಿದ್ದರೆ ಕಟ್ಟುವ ಹಂತದಲ್ಲೇ ಗೊತ್ತಾಗುತ್ತದೆ. ಲೈಬ್ರರಿಯಲ್ಲಿ ಸ್ಟ್ರಕ್ಚರುಗಳು ಬಹಳವಿದ್ದರೆ, ಅಥವಾ ಪೈಥಾನ್ ಓಡಿಸುವ ಇನ್ನೊಂದು ವ್ಯವಸ್ಥೆಯಾದ ಪೈಪೈ ಮೇಲೆ ಓಡಿಸಬೇಕಿದ್ದರೆ, ನಾನು ಸಿಟೈಪ್ಸ್ ಬಿಟ್ಟು ಇದನ್ನೇ ಆರಿಸುತ್ತೇನೆ.

ಪೈಬೈಂಡ್11 ಸಿ ಪ್ಲಸ್ ಪ್ಲಸ್‌ಗಾಗಿಯೇ ಇರುವಂಥದ್ದು. ಕ್ಲಾಸುಗಳು, ವೆಕ್ಟರುಗಳು, ಎಕ್ಸೆಪ್ಷನ್‌ಗಳು ಪೈಥಾನಿನಲ್ಲಿ ಸಹಜವಾಗಿ ಕಾಣುತ್ತವೆ, ಬರೆದ ಕೋಡ್ ಓದಲು ಚೆನ್ನಾಗಿರುತ್ತದೆ. ಆದರೆ ಅದು ಕಟ್ಟುವ ಫೈಲು ಪೈಥಾನಿಗಷ್ಟೇ ಉಪಯೋಗ, ಅದರಲ್ಲೂ ಪೈಥಾನ್ 3.10ಕ್ಕೆ ಕಟ್ಟಿದ್ದು 3.11ರಲ್ಲಿ ಲೋಡ್ ಆಗುವುದಿಲ್ಲ. ಸಿ ಶಾರ್ಪ್ ಮತ್ತು ಆಂಡ್ರಾಯ್ಡ್ ಕೂಡ ಸಾಲಿನಲ್ಲಿರುವಾಗ ಇದನ್ನು ಆರಿಸಿದರೆ ಸೇತುವೆಯನ್ನು ಮತ್ತೆ ಮೊದಲಿನಿಂದ ಕಟ್ಟಬೇಕಾಗುತ್ತದೆ. ಪೈಥಾನಿನಂಥ ಕೋಡನ್ನು ಸಿ ಭಾಷೆಗೆ ತರುವ ಸೈಥಾನ್ ವೇಗಕ್ಕೆ ಒಳ್ಳೆಯದು, ಆದರೆ ಅದೂ ಪೈಥಾನಿಗೇ ಮೀಸಲು, ಮತ್ತು ತಂಡದಲ್ಲಿ ಅದರ ವ್ಯಾಕರಣ ಬಲ್ಲವರು ಇರಬೇಕು.

ವೇಗದ ವಿಷಯದಲ್ಲಿ ಒಂದು ಮಾತು. ಸಿಟೈಪ್ಸ್‌ನ ಒಂದೊಂದು ಕರೆಯೂ ಉಳಿದವುಗಳಿಗಿಂತ ನಿಧಾನ ಎಂಬುದು ನಿಜ. ಲಾರಿಗೊಂದು ಸಲ ಕರೆಯುವ ಲೆಕ್ಕಕ್ಕೆ ಅದು ಲಕ್ಷ್ಯಕ್ಕೇ ಬರುವುದಿಲ್ಲ. ಲಕ್ಷಾಂತರ ಸಾಲುಗಳ ವರದಿಯಿದ್ದರೆ ಸಾಲಿಗೊಂದು ಸಲ ಕರೆಯದೆ ಇಡೀ ಅರೇಯನ್ನು ಒಂದೇ ಸಲ ಕೊಟ್ಟರೆ ಸಾಕು. ಸಾಧನ ಬದಲಿಸುವ ಮೊದಲು ಫಂಕ್ಷನ್ನಿನ ಆಕಾರ ಬದಲಿಸಿ ನೋಡಬೇಕು.

ಸಿ ಶಾರ್ಪ್ ಕಡೆಯಿಂದ

ಇಲ್ಲಿ ಆಯ್ಕೆ ಸರಳ. ಸಿ ಶಾರ್ಪ್ ಓಡುವ ಡಾಟ್‌ನೆಟ್‌ನಲ್ಲಿ ಸಿ ಫಂಕ್ಷನ್ ಕರೆಯಲೆಂದೇ ಇರುವ ಪಿ-ಇನ್‌ವೋಕ್ ಬಿಟ್ಟು ಬೇರೆ ಕಡೆ ಹೋಗಬೇಕಾದ ಪ್ರಸಂಗ ಅಪರೂಪ. ಉಳಿದಿರುವುದು ಹಳೆಯ ‘ಡಿಎಲ್‌ಎಲ್ ಇಂಪೋರ್ಟ್’ ಬಳಸಬೇಕೋ, 2022ರ ಡಾಟ್‌ನೆಟ್ 7ರಲ್ಲಿ ಬಂದ ‘ಲೈಬ್ರರಿ ಇಂಪೋರ್ಟ್’ ಬಳಸಬೇಕೋ ಎಂಬುದು. ಹೊಸ ಕೋಡಿಗೆ ಎರಡನೆಯದೇ ಮೇಲು, ಏಕೆಂದರೆ ಅದರಲ್ಲಿ ಪಠ್ಯ ಯುಟಿಎಫ್-8 ಎಂದು ಸ್ಪಷ್ಟವಾಗಿ ಹೇಳಬಹುದು, ಹೇಳದಿದ್ದರೆ ಕಂಪೈಲ್ ಆಗುವಾಗಲೇ ತಡೆಯುತ್ತದೆ. ಹಳೆಯದು ಏನೂ ಹೇಳದಿದ್ದಾಗ ವಿಂಡೋಸ್‌ನ ಎಎನ್‌ಎಸ್‌ಐ ಕೋಡ್‌ಪೇಜಿಗೆ, ಅಂದರೆ ಯುನಿಕೋಡ್ ಅಲ್ಲದ ಹಳೆಯ ಅಕ್ಷರಪಟ್ಟಿಗೆ, ಪರಿವರ್ತಿಸುತ್ತದೆ. ಸಾಮಾನ್ಯ ಕೋಡ್‌ಪೇಜಿನಲ್ಲಿ ಕನ್ನಡಕ್ಕೆ ಜಾಗವಿಲ್ಲದ ಕಾರಣ ರೈತನ ಹೆಸರು ಪ್ರಶ್ನಾರ್ಥಕ ಚಿಹ್ನೆಗಳ ಸಾಲಾಗಿ ಲೈಬ್ರರಿಗೆ ತಲುಪುತ್ತದೆ. ಹಳೆಯ ಡಾಟ್‌ನೆಟ್ ಫ್ರೇಮ್‌ವರ್ಕ್‌ನಲ್ಲೇ ಇರಬೇಕಾದವರು ಪಠ್ಯವನ್ನು ತಾವೇ ಯುಟಿಎಫ್-8 ಬೈಟ್ ಅರೇ ಮಾಡಿ ಕಳಿಸಿದರೆ ಯಾವ ಆವೃತ್ತಿಯಲ್ಲಿಯೂ ಕೆಲಸ ನಡೆಯುತ್ತದೆ.

ಎರಡು ಎಚ್ಚರಿಕೆಗಳನ್ನು ಇಲ್ಲೇ ಸೇರಿಸಬೇಕು. ಸಿ ಶಾರ್ಪ್‌ನ ‘ಬೂಲ್’ ಪಿ-ಇನ್‌ವೋಕ್ ದಾಟುವಾಗ ಮಾಮೂಲಿಯಾಗಿ 4 ಬೈಟ್ ಆಗುತ್ತದೆ, ಸಿ ಭಾಷೆಯಲ್ಲಿ ಅದು 1 ಬೈಟ್. ಆದ್ದರಿಂದ ಹೌದು-ಅಲ್ಲಗಳನ್ನು 32 ಬಿಟ್ ಪೂರ್ಣಾಂಕವಾಗಿಯೇ ಕಳಿಸಬೇಕು. ಜೊತೆಗೆ, ತೂಕ ಸ್ಥಿರವಾದಾಗ ಲೈಬ್ರರಿಯೇ ನಮ್ಮ ಫಂಕ್ಷನ್ನನ್ನು ಕರೆಯುವ ಕಾಲ್‌ಬ್ಯಾಕ್ ಪದ್ಧತಿ ನೋಡಲು ಚೆಂದವಿದ್ದರೂ, ಆ ಫಂಕ್ಷನ್ನನ್ನು ತೋರಿಸುವ ಡೆಲಿಗೇಟ್ ಎಂಬ ಸಿ ಶಾರ್ಪ್ ಕೊಂಡಿಯನ್ನು ಯಾರೂ ಹಿಡಿದಿಟ್ಟುಕೊಳ್ಳದಿದ್ದರೆ ಗಾರ್ಬೇಜ್ ಕಲೆಕ್ಟರ್ ಅದನ್ನು ತೆಗೆದುಹಾಕಿ ಪ್ರೋಗ್ರಾಂ ನಿಲ್ಲುತ್ತದೆ. ಪ್ರೋಗ್ರಾಮೇ ಆಗಾಗ ‘ತೂಕ ಸ್ಥಿರವಾಯಿತೇ’ ಎಂದು ಕೇಳುವ ಫಂಕ್ಷನ್ ಇಡುವುದು ಮೂರೂ ಭಾಷೆಗಳಿಗೆ ಕ್ಷೇಮ.

ಆಂಡ್ರಾಯ್ಡ್ ಕಡೆಯಿಂದ

ಆಂಡ್ರಾಯ್ಡ್ ಆ್ಯಪ್ ಬರೆಯುವ ಜಾವಾ ಮತ್ತು ಕೋಟ್ಲಿನ್‌ಗಳಿಗೆ ಸಿ ಕೋಡ್ ಕರೆಯಲು ಜೆಎನ್‌ಐ ಇದೆ, 1997ರ ಜೆಡಿಕೆ 1.1ರಿಂದಲೂ ಇದೆ. ಅದಕ್ಕೆ ಸಾದಾ ಸಿ ಫಂಕ್ಷನ್ ಸಾಲದು. ಜಾವಾ ಪ್ಯಾಕೇಜು, ಕ್ಲಾಸು, ಮೆಥಡ್ಡುಗಳ ಹೆಸರು ಜೋಡಿಸಿದ ಉದ್ದ ಹೆಸರಿನ ಸಿ ಫಂಕ್ಷನ್ ಬೇರೆಯಾಗಿ ಬರೆಯಬೇಕು. ಈ ತೆಳುವಾದ ಪದರವನ್ನು ಲೆಕ್ಕದ ಲೈಬ್ರರಿಯೊಳಗೆ ಸೇರಿಸದೆ ಪ್ರತ್ಯೇಕ ಎಸ್‌ಒ ಮಾಡಿಟ್ಟರೆ ಮೂಲ ಲೈಬ್ರರಿ ಜಾವಾದ ಹಂಗಿಲ್ಲದೆ ಉಳಿಯುತ್ತದೆ. ಮಾರ್ಚ್ 2024ರ ಜಾವಾ 22ರಲ್ಲಿ ಪೂರ್ಣಗೊಂಡ ಫಾರಿನ್ ಫಂಕ್ಷನ್ ಅಂಡ್ ಮೆಮೊರಿ ಎಪಿಐ ಈ ಪದರವೇ ಬೇಡವೆನ್ನುವಷ್ಟು ಚೆನ್ನಾಗಿದೆ, ಆದರೆ ಅದು ಸರ್ವರ್ ಮತ್ತು ಡೆಸ್ಕ್‌ಟಾಪ್ ಜಾವಾಕ್ಕೆ, ಆಂಡ್ರಾಯ್ಡ್‌ನಲ್ಲಿ ಸಿಗುವುದಿಲ್ಲ.

ಆ್ಯಪನ್ನು ಇನ್ನೂ ಆರಂಭಿಸಿಲ್ಲವಾದರೆ ಡಾರ್ಟ್ ಭಾಷೆಯಲ್ಲಿ ಆ್ಯಪ್ ಬರೆಯುವ ಸಾಧನವಾದ ಫ್ಲಟರ್ ಕಡೆ ನೋಡುವುದು ಒಳ್ಳೆಯದು. ಡಾರ್ಟ್ ಭಾಷೆಯ ಎಫ್‌ಎಫ್‌ಐ ಸಾದಾ ಸಿ ಫಂಕ್ಷನ್ನನ್ನು ನೇರವಾಗಿ ಕರೆಯುತ್ತದೆ, ನಡುವಿನ ಪದರ ಬರೆಯಬೇಕಿಲ್ಲ. ಯಾವುದನ್ನು ಆರಿಸಿದರೂ ಫೋನುಗಳ ಪ್ರೊಸೆಸರಿಗೆ ತಕ್ಕಂತೆ, 32 ಬಿಟ್ ಮತ್ತು 64 ಬಿಟ್ ಆರ್ಮ್ ಎರಡಕ್ಕೂ, ಎಸ್‌ಒ ಕಟ್ಟಬೇಕು. ಪ್ಲೇ ಸ್ಟೋರಿಗೆ ಹಾಕುವವರು ಇನ್ನೊಂದನ್ನು ಗಮನಿಸಬೇಕು: ಆಂಡ್ರಾಯ್ಡ್ 15 ಮತ್ತು ಮುಂದಿನದನ್ನು ಗುರಿಯಾಗಿಟ್ಟ ಆ್ಯಪುಗಳ ಎಸ್‌ಒ ಫೈಲುಗಳು 16 ಕೆಬಿ ಮೆಮೊರಿ ಪುಟಕ್ಕೆ ಹೊಂದಿರಬೇಕೆಂಬ ನಿಯಮವನ್ನು ಗೂಗಲ್ 1 ನವೆಂಬರ್ 2025ರಿಂದ ತಂದಿದೆ. ಆಂಡ್ರಾಯ್ಡ್‌ಗೆ ಸಿ ಕೋಡ್ ಕಟ್ಟುವ ಸಾಧನವಾದ ಎನ್‌ಡಿಕೆಯ ಹಳೆಯ ಆವೃತ್ತಿಯಲ್ಲಿ ಕಟ್ಟಿದ ಫೈಲುಗಳನ್ನು ಮತ್ತೆ ಕಟ್ಟಬೇಕಾಗುತ್ತದೆ.

ಸ್ವಿಗ್ ಬೇಕೇ?

1990ರ ದಶಕದಲ್ಲಿ ಡೇವಿಡ್ ಬೀಸ್ಲಿ ಆರಂಭಿಸಿದ ಸ್ವಿಗ್ ಒಂದೇ ಇಂಟರ್‌ಫೇಸ್ ಫೈಲಿನಿಂದ ಪೈಥಾನ್, ಜಾವಾ, ಸಿ ಶಾರ್ಪ್ ಮೂರಕ್ಕೂ ಸೇತುವೆ ಕೋಡ್ ಹುಟ್ಟಿಸುತ್ತದೆ. ನೂರಾರು ಫಂಕ್ಷನ್‌ಗಳಿರುವ ದೊಡ್ಡ ಲೈಬ್ರರಿಗೆ ಅದು ಸರಿಯಾದ ಆಯ್ಕೆ. ಐದಾರು ಫಂಕ್ಷನ್‌ಗಳಿರುವ ನಮ್ಮಂಥ ಲೆಕ್ಕಕ್ಕೆ ಅದು ಹುಟ್ಟಿಸುವ ಸಾವಿರಾರು ಸಾಲುಗಳನ್ನು ಓದಿ ದೋಷ ಹುಡುಕುವುದು ಕೈಯಿಂದ ಬರೆಯುವುದಕ್ಕಿಂತ ಹೆಚ್ಚಿನ ಕೆಲಸ. ಈ ಮಾತಿಗೆ ನಮ್ಮ ಭಾಗದಲ್ಲಿ ಇನ್ನಷ್ಟು ತೂಕವಿದೆ. ತಂಡದಲ್ಲಿ ಪಳಗಿದವರು ಎರಡು ಮೂರು ವರ್ಷಕ್ಕೆ ಹೈದರಾಬಾದಿಗೋ ಪುಣೆಗೋ ಬೆಂಗಳೂರಿಗೋ ಹೋಗುತ್ತಾರೆ, ಅದು ಅವರ ಹಕ್ಕು. ಆಮೇಲೆ ಕೋಡ್ ನೋಡಿಕೊಳ್ಳುವವರು ಕಲಬುರಗಿಯ ಪಿಡಿಎ ಎಂಜಿನಿಯರಿಂಗ್ ಕಾಲೇಜಿನಿಂದಲೋ ಬೀದರಿನ ಗುರುನಾನಕ್ ದೇವ್ ಕಾಲೇಜಿನಿಂದಲೋ ಹೊಸದಾಗಿ ಬಂದ ಹುಡುಗ ಹುಡುಗಿಯರು. ಅವರಿಗೆ ಸಿ ಹೆಡರ್ ಫೈಲು ಓದಲು ಬರುತ್ತದೆ. ಯಂತ್ರ ಹುಟ್ಟಿಸಿದ ಕೋಡ್ ಯಾರಿಗೂ ಸುಲಭವಲ್ಲ.

ಪ್ರತ್ಯೇಕ ಪ್ರೊಸೆಸ್ ಗೆಲ್ಲುವ ಕಡೆ

ತೂಕದ ಯಂತ್ರದ ಜೊತೆ ಕೊಡುವ ಡಿಎಲ್‌ಎಲ್ ಅನೇಕ ಸಲ 32 ಬಿಟ್‌ನದೇ ಆಗಿರುತ್ತದೆ, ಸೋರ್ಸ್ ಕೋಡ್ ಕೊಟ್ಟಿರುವುದಿಲ್ಲ. 64 ಬಿಟ್ ಪ್ರೊಸೆಸ್‌ನೊಳಗೆ 32 ಬಿಟ್ ಡಿಎಲ್‌ಎಲ್ ಲೋಡ್ ಆಗುವುದು ಸಾಧ್ಯವೇ ಇಲ್ಲ: ಡಾಟ್‌ನೆಟ್ ‘ಬ್ಯಾಡ್ ಇಮೇಜ್ ಫಾರ್ಮ್ಯಾಟ್’ ಎನ್ನುತ್ತದೆ, ಪೈಥಾನ್ ‘ವಿನ್ ಎರರ್ 193’ ಎನ್ನುತ್ತದೆ. ಇದಕ್ಕಾಗಿ ಇಡೀ ಬಿಲ್ಲಿಂಗ್ ಪ್ರೋಗ್ರಾಮನ್ನು 32 ಬಿಟ್‌ಗೆ ಇಳಿಸುವುದಕ್ಕಿಂತ, ಆ ಡಿಎಲ್‌ಎಲ್ ಒಂದನ್ನೇ ಕರೆಯುವ ಚಿಕ್ಕ 32 ಬಿಟ್ ಪ್ರೋಗ್ರಾಂ ಬರೆದು, ನೇಮ್ಡ್ ಪೈಪ್ ಮೂಲಕವೋ ಅದೇ ಕಂಪ್ಯೂಟರಿನೊಳಗಿನ ಸಾಕೆಟ್ ಮೂಲಕವೋ ತೂಕವನ್ನು ಕಳಿಸುವಂತೆ ಮಾಡುವುದು ಉತ್ತಮ. ಡಿಎಲ್‌ಎಲ್ ಕುಸಿದರೆ ಆ ಚಿಕ್ಕ ಪ್ರೋಗ್ರಾಂ ಮಾತ್ರ ಬೀಳುತ್ತದೆ, ಬಿಲ್ಲಿಂಗ್ ನಿಲ್ಲುವುದಿಲ್ಲ, ಅದನ್ನು ತಾನಾಗಿಯೇ ಮತ್ತೆ ಎಬ್ಬಿಸಬಹುದು. ಲೆಕ್ಕವನ್ನು ಇಂಟರ್‌ನೆಟ್ ಆಚೆಯ ಸರ್ವರಿಗೆ ಒಪ್ಪಿಸುವ ಯೋಚನೆಯನ್ನು ಮಾತ್ರ ನಾನು ಒಪ್ಪುವುದಿಲ್ಲ. ಲೈನ್ ಹೋದಾಗ ವೇಬ್ರಿಡ್ಜ್ ಮೇಲಿನ ಲಾರಿ ಕಾಯುತ್ತಾ ನಿಲ್ಲಬಾರದು.

ಬ್ರೌಸರಿನಲ್ಲಿಯೂ ಅದೇ ಲೆಕ್ಕ ಬೇಕಾದರೆ ಸಿ ಕೋಡನ್ನು ವೆಬ್‌ಅಸೆಂಬ್ಲಿಗೆ ಕಂಪೈಲ್ ಮಾಡಬಹುದು. 2019ರಿಂದ ಅದು ಡಬ್ಲ್ಯು3ಸಿಯ ಮಾನದಂಡವಾಗಿದೆ. ಬರೀ ಲೆಕ್ಕಕ್ಕೆ ಅದು ಸೊಗಸಾಗಿ ಹೊಂದುತ್ತದೆ, ಸೀರಿಯಲ್ ಪೋರ್ಟ್ ಮುಟ್ಟುವ ಕೋಡಿಗೆ ಹೊಂದುವುದಿಲ್ಲ.

ಫೈಲು ಮಿಲ್ಲಿನ ಕಂಪ್ಯೂಟರಿಗೆ ಹೋದ ಮೇಲೆ

ಅಭಿವೃದ್ಧಿಪಡಿಸಿದ ಲ್ಯಾಪ್‌ಟಾಪಿನಲ್ಲಿ ಓಡುವ ಲೈಬ್ರರಿ ಬೇರೆಡೆ ಓಡದಿರಲು ಸಾಮಾನ್ಯ ಕಾರಣ ಅದು ಅವಲಂಬಿಸಿರುವ ಇನ್ನೊಂದು ಫೈಲು. ಉಬುಂಟು 22.04ರಲ್ಲಿ ಲಿನಕ್ಸ್‌ನ ಮೂಲ ಸಿ ಲೈಬ್ರರಿಯಾದ ಜಿಲಿಬ್‌ಸಿ 2.35 ಇದೆ, 20.04ರಲ್ಲಿ 2.31, ಹೊಸದರಲ್ಲಿ ಕಟ್ಟಿದ ಎಸ್‌ಒ ಹಳೆಯದರಲ್ಲಿ ‘ಜಿಲಿಬ್‌ಸಿ ಆವೃತ್ತಿ ಸಿಗಲಿಲ್ಲ’ ಎಂದು ನಿಲ್ಲಬಹುದು, ಹಳೆಯದರಲ್ಲಿ ಕಟ್ಟಿದ್ದು ಹೊಸದರಲ್ಲಿ ಓಡುತ್ತದೆ. ಆದ್ದರಿಂದ ಬಳಕೆಯಲ್ಲಿರುವ ಅತ್ಯಂತ ಹಳೆಯ ವ್ಯವಸ್ಥೆಯಲ್ಲಿಯೇ ಕಟ್ಟಬೇಕು. ವಿಂಡೋಸ್‌ನಲ್ಲಿ ಡಿಎಲ್‌ಎಲ್ ಕಣ್ಣೆದುರೇ ಇದ್ದರೂ ‘ಮಾಡ್ಯೂಲ್ ಸಿಗಲಿಲ್ಲ’ ಎಂಬ ಸಂದೇಶ ಬಂದರೆ, ಸಿಗದೆ ಹೋಗಿರುವುದು ವಿಷುವಲ್ ಸಿ ಪ್ಲಸ್ ಪ್ಲಸ್ ರನ್‌ಟೈಮ್ ಆಗಿರುವ ಸಾಧ್ಯತೆಯೇ ಹೆಚ್ಚು; ರನ್‌ಟೈಮನ್ನು ಡಿಎಲ್‌ಎಲ್ ಒಳಗೇ ಸ್ಟಾಟಿಕ್ ಆಗಿ ಸೇರಿಸಿದರೆ ಆ ಕಂಪ್ಯೂಟರಿನಲ್ಲಿ ಬೇರೇನನ್ನೂ ಹಾಕಬೇಕಿಲ್ಲ.

ಮೂರೂ ಭಾಷೆಗಳಿಂದ ಒಂದೇ ಪರೀಕ್ಷಾ ಪಟ್ಟಿಯನ್ನು ಓಡಿಸಿ ಉತ್ತರಗಳನ್ನು ಹೋಲಿಸುವ ವ್ಯವಸ್ಥೆ ಆರಂಭದಿಂದಲೇ ಇರಲಿ. ತೇವಾಂಶ ಮಿತಿಗೆ ಸರಿಯಾಗಿ ಮುಟ್ಟುವ ಲಾರಿ, 32 ಬಿಟ್ ಮಿತಿ ದಾಟುವ ಒಟ್ಟು ತೂಕ, ಉದ್ದ ಹೆಸರಿನ ಊರು ಅದರಲ್ಲಿ ಇರಲೇಬೇಕು. ಲೈಬ್ರರಿಯ ಆವೃತ್ತಿ ಹೇಳುವ ಫಂಕ್ಷನ್ ಒಂದನ್ನಿಟ್ಟು, ಪ್ರತಿಯೊಂದು ಪ್ರೋಗ್ರಾಮೂ ಆರಂಭವಾಗುವಾಗ ಅದನ್ನು ಕೇಳಿ, ತನಗೆ ಬೇಕಾದದ್ದಕ್ಕಿಂತ ಹಳೆಯದಿದ್ದರೆ ಚೀಟಿ ಮುದ್ರಿಸದೆ ನಿಲ್ಲುವಂತೆ ಮಾಡಬೇಕು. ಒಮ್ಮೆ ಬಳಕೆಗೆ ಬಿಟ್ಟ ಫಂಕ್ಷನ್ನಿನ ಆರ್ಗ್ಯುಮೆಂಟುಗಳನ್ನು ಎಂದಿಗೂ ಬದಲಿಸದೆ, ಹೊಸ ನಿಯಮ ಬಂದಾಗ ಹೊಸ ಹೆಸರಿನ ಫಂಕ್ಷನ್ ಸೇರಿಸಿ, ಹಳೆಯದನ್ನು ಕರೆಯುವ ಕೊನೆಯ ಪ್ರೋಗ್ರಾಂ ಬದಲಾಗುವವರೆಗೂ ಎರಡನ್ನೂ ಜೊತೆಗೇ ಇಟ್ಟುಕೊಳ್ಳಬೇಕು.